ಪೋಷಕ ನಟ ತಕಾಶಿ ಶಿಮುರ

ನಾಟಕವಾಗಲಿ ಚಲನಚಿತ್ರವಾಗಲಿ, ಅದರ ಕಥೆ ಬಹುಮಟ್ಟಿಗೆ ನಾಯಕನ ಸುತ್ತ ಹೆಣೆದುಕೊಂಡಿರುತ್ತದೆ. ಪ್ರೇಕ್ಷಕರ ಕಣ್ಣು ಅವನ ಮೇಲೆಯೇ ನೆಟ್ಟಿರುತ್ತದೆ. ಭಿತ್ತಿಪತ್ರಗಳಲ್ಲಿ ಅವನ ಚಿತ್ರವೇ ದೊಡ್ಡದಾಗಿರುತ್ತದೆ. ಆದರೆ ನಾಯಕನೊಬ್ಬನಿಂದಲೇ ಕಥೆ ಮುಂದೆ ಸಾಗದು. ಅವನಿಗೆ ಬುದ್ಧಿ ಹೇಳುವ ಗುರು, ಮದ್ದು ಕೊಡುವ ವೈದ್ಯ, ಜೊತೆಗೂಡಿ ಹೋರಾಡುವ ಹಿರಿಯ, ಎದುರು ನಿಲ್ಲುವ ಅಧಿಕಾರಿ ಇವರೆಲ್ಲರೂ ಸೇರಿದಾಗಲೇ ಕಥೆಗೆ ಜೀವ ಬರುತ್ತದೆ. ಇಂತಹ ಪಾತ್ರಗಳನ್ನು ವಹಿಸುವವರನ್ನು ನಾವು ಪೋಷಕ ನಟರೆಂದು ಕರೆಯುತ್ತೇವೆ. ಪೋಷಿಸುವುದೆಂದರೆ ಸಲಹುವುದು, ಬೆಳೆಸುವುದು. ಬೇರು ಮರವನ್ನು ಸಲಹುವಂತೆ ಈ ನಟರು ಕಥೆಯನ್ನು ಸಲಹುತ್ತಾರೆ. ಬೇರಿನಂತೆಯೇ ಅನೇಕ ವೇಳೆ ಕಣ್ಣಿಗೆ ಬೀಳದೆ ಉಳಿಯುತ್ತಾರೆ. ಜಪಾನಿನ ತಕಾಶಿ ಶಿಮುರ ಅಂತಹ ನಟರಲ್ಲಿ ಅಗ್ರಗಣ್ಯರು. ಸುಮಾರು ಅರ್ಧ ಶತಮಾನದ ಕಾಲ 200ಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದ ಈ ಕಲಾವಿದರ ಜೀವನ, ಪಾತ್ರ ಸಣ್ಣದಾದರೂ ಕಲೆ ದೊಡ್ಡದಾಗಬಲ್ಲದು ಎಂಬುದಕ್ಕೆ ಉಜ್ವಲ ನಿದರ್ಶನವಾಗಿದೆ.

ಶಿಮುರ ಅವರು 1905ರ ಮಾರ್ಚ್ 12ರಂದು ಜಪಾನಿನ ಹ್ಯೋಗೊ ಪ್ರಾಂತದ ಇಕುನೊ ಎಂಬ ಊರಿನಲ್ಲಿ ಜನಿಸಿದರು. ಅವರ ಹುಟ್ಟುಹೆಸರು ಶೋಜಿ ಶಿಮಜಾಕಿ. ಇಕುನೊ ಬೆಟ್ಟಗಳ ನಡುವಿನ ಊರು. ಶತಮಾನಗಳಿಂದ ಅಲ್ಲಿ ಬೆಳ್ಳಿಯ ಗಣಿಗಳಿದ್ದವು. 1896ರಲ್ಲಿ ಆ ಗಣಿಗಳು ಮಿತ್ಸುಬಿಶಿ ಸಂಸ್ಥೆಯ ವಶಕ್ಕೆ ಬಂದಿದ್ದವು. ಶಿಮುರ ಅವರ ತಂದೆ ಆ ಸಂಸ್ಥೆಯಲ್ಲಿ ನೌಕರರಾಗಿದ್ದರು. ಅವರ ಪೂರ್ವಜರು ಸಮುರಾಯ್ ಎಂಬ ಯೋಧ ವರ್ಗಕ್ಕೆ ಸೇರಿದವರು. 1868ರಲ್ಲಿ ಹಳೆಯ ಶೋಗುನ್ ಆಳ್ವಿಕೆಗೂ ಚಕ್ರವರ್ತಿಯ ಪಕ್ಷಕ್ಕೂ ನಡೆದ ತೊಬಾ ಫುಶಿಮಿ ಕದನದಲ್ಲಿ ಅವರ ಅಜ್ಜ ಕಾದಾಡಿದ್ದರು. ಆದರೆ ಮೊಮ್ಮಗ ಹುಟ್ಟುವ ವೇಳೆಗೆ ಕತ್ತಿಗಳ ಕಾಲ ಮುಗಿದಿತ್ತು. ಮುಂದೊಂದು ದಿನ ಈ ಬಾಲಕನೇ ಬೆಳ್ಳಿತೆರೆಯ ಮೇಲೆ ಜಗತ್ತು ಮರೆಯಲಾಗದ ಸಮುರಾಯ್ ಆಗಿ ನಿಲ್ಲುವನೆಂದು ಆಗ ಯಾರು ತಾನೇ ಊಹಿಸಿದ್ದರು!

ಇಕುನೊವಿನಲ್ಲಿ ಪ್ರಾಥಮಿಕ ಶಿಕ್ಷಣ ಮುಗಿಸಿದ ಶಿಮುರ ಅವರು ಕೋಬೆ ನಗರದ ಮಾಧ್ಯಮಿಕ ಶಾಲೆಗೆ ಸೇರಿದರು. ಅಲ್ಲಿ ಕ್ಷಯರೋಗದ ಸೋಂಕು ತಗಲಿ ಎರಡು ವರ್ಷಗಳ ಓದು ನಿಂತುಹೋಯಿತು. ಕ್ಷಯಕ್ಕೆ ಇನ್ನೂ ಪರಿಣಾಮಕಾರಿಯಾದ ಔಷಧಿಯಿಲ್ಲದಿದ್ದ ದಿನಗಳವು. ವಿಶ್ರಾಂತಿ, ಒಳ್ಳೆಯ ಗಾಳಿ, ಆಹಾರ ಇವೇ ಚಿಕಿತ್ಸೆ. ಅದೃಷ್ಟವಶಾತ್ ಬಾಲಕ ಗುಣಮುಖನಾದ. ತಂದೆಗೆ ವರ್ಗವಾದುದರಿಂದ ಕುಟುಂಬವು ದಕ್ಷಿಣದ ಮಿಯಾಜಾಕಿ ಪ್ರಾಂತದ ನೊಬೆಯೊಕಕ್ಕೆ ಹೋಯಿತು. ಅಲ್ಲಿಯ ಶಾಲೆಯಲ್ಲಿ ಅವರು ದೋಣಿ ನಡೆಸುವ ಕ್ರೀಡೆಯಲ್ಲಿ ಉತ್ಸಾಹದಿಂದ ತೊಡಗಿದರು. ರೋಗದಿಂದ ಕುಗ್ಗಿದ್ದ ದೇಹಕ್ಕೆ ಕಸುವು ಮರಳಿತು.

1923ರಲ್ಲಿ ಶಿಮುರ ಅವರು ಒಸಾಕದ ಕನ್ಸಾಯ್ ವಿಶ್ವವಿದ್ಯಾನಿಲಯವನ್ನು ಸೇರಿ ಇಂಗ್ಲಿಷ್ ಸಾಹಿತ್ಯದ ಅಧ್ಯಯನಕ್ಕೆ ತೊಡಗಿದರು. ಅಷ್ಟರಲ್ಲಿ ತಂದೆ ನಿವೃತ್ತರಾದರು. ಮಗನನ್ನು ಹಗಲಿನ ತರಗತಿಗಳಲ್ಲಿ ಓದಿಸುವಷ್ಟು ಆದಾಯ ಮನೆಯಲ್ಲಿರಲಿಲ್ಲ. ಓದನ್ನು ಬಿಡಲು ಮನಸ್ಸೊಪ್ಪದ ಶಿಮುರ ಸಂಜೆಯ ತರಗತಿಗೆ ಬದಲಾಯಿಸಿಕೊಂಡರು. ಹಗಲು ಒಸಾಕ ನಗರಸಭೆಯ ನೀರು ಸರಬರಾಜು ವಿಭಾಗದಲ್ಲಿ ಕೆಲಸ, ಸಂಜೆ ಪಾಠ. ಹೀಗೆ ದುಡಿಯುತ್ತಲೇ ಕಲಿತರು. ಅವರ ಅಧ್ಯಾಪಕರಲ್ಲಿ ನಾಟಕಕಾರರೂ ಶೇಕ್ಸ್‌ಪಿಯರ್ ವಿದ್ವಾಂಸರೂ ಇದ್ದರು. ಅವರ ಪಾಠಗಳು ಯುವಕನ ಮನಸ್ಸಿನಲ್ಲಿ ರಂಗಭೂಮಿಯ ಬಗೆಗೆ ಆಳವಾದ ಅನುರಾಗವನ್ನು ಬಿತ್ತಿದವು.

1928ರಲ್ಲಿ ಶಿಮುರ ಅವರು ಗೆಳೆಯರೊಡಗೂಡಿ ಹವ್ಯಾಸಿ ನಾಟಕ ತಂಡವೊಂದನ್ನು ಕಟ್ಟಿದರು. ತಾಲೀಮು, ಪ್ರದರ್ಶನಗಳಲ್ಲಿ ಮುಳುಗಿದ ಅವರಿಗೆ ಕೆಲಸಕ್ಕೆ ಸರಿಯಾಗಿ ಹಾಜರಾಗುವುದು ಸಾಧ್ಯವಾಗಲಿಲ್ಲ. ಕೊನೆಗೆ ನೌಕರಿ ಕೈತಪ್ಪಿತು, ವಿಶ್ವವಿದ್ಯಾನಿಲಯವನ್ನೂ ಬಿಟ್ಟರು. ತಂಡವು ವೃತ್ತಿನಾಟಕ ಮಂಡಳಿಯಾಗಿ ಊರೂರು ಸುತ್ತಿತು. ಆದರೆ ಕೈಯಲ್ಲಿ ಹಣವಿಲ್ಲದೆ ಅದು ಬೇಗನೆ ಮುಚ್ಚಿಹೋಯಿತು. ಶಿಮುರ ಅವರು ಎದೆಗುಂದಲಿಲ್ಲ. ಒಸಾಕಕ್ಕೆ ಹಿಂದಿರುಗಿ ಬಾನುಲಿ ನಾಟಕಗಳಲ್ಲಿ ಪಾತ್ರ ವಹಿಸಿದರು. ಬೇರೆ ಬೇರೆ ಮಂಡಳಿಗಳನ್ನು ಸೇರಿ ಜಪಾನಿನಲ್ಲಿಯೂ ಚೀನದಲ್ಲಿಯೂ ಸಂಚರಿಸಿದರು. ಹೊಟ್ಟೆಪಾಡು ಕಷ್ಟವಾಗಿದ್ದರೂ ಧ್ವನಿಯನ್ನು ಪಳಗಿಸುವ, ಬಗೆಬಗೆಯ ಜನರನ್ನು ಕಣ್ಣಾರೆ ಕಂಡು ಅವರ ನಡೆನುಡಿಗಳನ್ನು ಗ್ರಹಿಸುವ ಶಿಕ್ಷಣ ಅವರಿಗೆ ಆ ಅಲೆದಾಟದಲ್ಲಿ ದೊರೆಯಿತು.

ಆ ವೇಳೆಗೆ ಜಪಾನಿನಲ್ಲಿ ಮೂಕಚಿತ್ರಗಳ ಯುಗ ಮುಗಿಯುತ್ತ ಬಂದು ವಾಕ್ಚಿತ್ರಗಳು ತಲೆಯೆತ್ತುತ್ತಿದ್ದವು. ಮಾತನಾಡಬಲ್ಲ ನಟರಿಗೆ ಬೇಡಿಕೆ ಹುಟ್ಟಿತ್ತು. 1932ರಲ್ಲಿ ಶಿಮುರ ಅವರು ಕ್ಯೋಟೊದಲ್ಲಿದ್ದ ಶಿನ್ಕೊ ಕಿನೆಮ ಸಂಸ್ಥೆಯನ್ನು ಸೇರಿದರು. 1934ರಲ್ಲಿ ಮೂಕಚಿತ್ರವೊಂದರ ಮೂಲಕ ತೆರೆಯ ಮೇಲೆ ಕಾಣಿಸಿಕೊಂಡರು. ಮರುವರ್ಷ ಮನ್ಸಾಕು ಇತಾಮಿ ಅವರ ನಿರ್ದೇಶನದಲ್ಲಿ ಮೊದಲ ಬಾರಿಗೆ ಮಾತನಾಡುವ ಪಾತ್ರ ದೊರೆಯಿತು. 1936ರಲ್ಲಿ ಹೆಸರಾಂತ ನಿರ್ದೇಶಕ ಕೆಂಜಿ ಮಿಜೊಗುಚಿ ಅವರ ಚಿತ್ರವೊಂದರಲ್ಲಿ ಪತ್ತೇದಾರನ ಪಾತ್ರ ವಹಿಸಿದರು. ಅದೇ ವರ್ಷ ಇತಾಮಿ ಅವರ 'ಅಕನಿಶಿ ಕಕಿತ' ಎಂಬ ಚಿತ್ರ ಅವರಿಗೆ ಸಮರ್ಥ ನಟರೆಂಬ ಹೆಸರನ್ನು ತಂದುಕೊಟ್ಟಿತು.

1937ರಿಂದ 1942ರವರೆಗೆ ನಿಕ್ಕತ್ಸು ಸಂಸ್ಥೆಯ ಕ್ಯೋಟೊ ಚಿತ್ರಶಾಲೆಯಲ್ಲಿ ಅವರು ಸುಮಾರು 100 ಚಿತ್ರಗಳಲ್ಲಿ ನಟಿಸಿದರು. ಅಂದಿನ ಚಿತ್ರಶಾಲೆಗಳಲ್ಲಿ ನಟರು ತಿಂಗಳ ಸಂಬಳದ ನೌಕರರಂತಿದ್ದರು. ಒಂದು ಚಿತ್ರದ ಕೆಲಸ ಮುಗಿಯುತ್ತಲೇ ಇನ್ನೊಂದಕ್ಕೆ ಬಣ್ಣ ಹಚ್ಚಬೇಕಾಗಿತ್ತು. ಇಂದು ಖಳ, ನಾಳೆ ವ್ಯಾಪಾರಿ, ನಾಡಿದ್ದು ಮುದಿ ಯೋಧ. ಯಾವ ಪಾತ್ರ ಬಂದರೂ ಶಿಮುರ ಅವರು ಬೇಡವೆನ್ನಲಿಲ್ಲ. 1939ರಲ್ಲಿ ಮಸಾಹಿರೊ ಮಕಿನೊ ಅವರು ನಿರ್ದೇಶಿಸಿದ ಸಂಗೀತಮಯ ಚಿತ್ರವೊಂದರಲ್ಲಿ, ಕೊಡೆಗಳನ್ನು ತಯಾರಿಸಿ ಬದುಕುವ, ಹಳೆಯ ವಸ್ತುಗಳನ್ನು ಕೂಡಿಡುವ ಹುಚ್ಚಿನ ಬಡ ತಂದೆಯಾಗಿ ಇಂಪಾಗಿ ಹಾಡಿ ಜನರನ್ನು ನಗಿಸಿದರು.

ಆ ಕಾಲದ ಜಪಾನಿನಲ್ಲಿ ಸೈನ್ಯಾಧಿಕಾರಿಗಳ ಪ್ರಾಬಲ್ಯ ಹೆಚ್ಚಾಗಿತ್ತು. ಸರ್ಕಾರಕ್ಕೆ ಒಪ್ಪಿಗೆಯಾಗದ ವಿಚಾರಗಳನ್ನು ಹತ್ತಿಕ್ಕಲು ತೊಕ್ಕೊ ಎಂಬ ವಿಶೇಷ ಪೊಲೀಸ್ ಪಡೆಯೊಂದಿತ್ತು. ಎಡಪಂಥೀಯ ಒಲವುಳ್ಳ ನಾಟಕ ತಂಡಗಳೊಡನೆ ಶಿಮುರ ಅವರಿಗೆ ಹಿಂದೆ ಇದ್ದ ಸಂಬಂಧವನ್ನು ನೆಪ ಮಾಡಿಕೊಂಡು ಆ ಪಡೆ ಅವರನ್ನು ಬಂಧಿಸಿ ಸುಮಾರು ಮೂರು ವಾರಗಳ ಕಾಲ ಸೆರೆಯಲ್ಲಿಟ್ಟಿತು. ಪತ್ನಿ ಮಸಾಕೊ ಹಾಗೂ ಸಹನಟ ರ್‍ಯುನೊಸುಕೆ ತ್ಸುಕಿಗತ ಅವರು ಹೊಣೆ ನಿಂತ ಮೇಲೆ ಬಿಡುಗಡೆಯಾಯಿತು. ಈ ಕಹಿ ಅನುಭವ ವ್ಯರ್ಥವಾಗಲಿಲ್ಲ. ಯುದ್ಧ ಮುಗಿದ ಮರುವರ್ಷ, 1946ರಲ್ಲಿ, ಸ್ವತಂತ್ರ ವಿಚಾರಗಳಿಗಾಗಿ ಕಷ್ಟಪಟ್ಟವರ ಕಥೆಯುಳ್ಳ ಚಿತ್ರವೊಂದರಲ್ಲಿ ಅವರಿಗೆ ಅಂತಹದೇ ಪೊಲೀಸ್ ಅಧಿಕಾರಿಯ ಪಾತ್ರ ಬಂದಿತು. ತಮ್ಮನ್ನು ಕಾಡಿದವರ ವೇಷವನ್ನೇ ತೊಟ್ಟು, ಆ ಕ್ರೌರ್ಯ ಎಷ್ಟು ತಣ್ಣಗೆ, ಎಷ್ಟು ನಯವಾಗಿ ನಡೆದುಕೊಳ್ಳಬಲ್ಲದೆಂಬುದನ್ನು ಅವರು ಜನರ ಮುಂದಿಟ್ಟರು.

1943ರಲ್ಲಿ ಶಿಮುರ ಅವರು ತೋಕಿಯೊದ ತೊಹೊ ಸಂಸ್ಥೆಯನ್ನು ಸೇರಿದುದು ಅವರ ಬಾಳಿನ ಮಹತ್ತ್ವದ ತಿರುವು. ಆ ವರ್ಷವೇ ಅಕಿರ ಕುರೊಸಾವ ಎಂಬ ತರುಣರು ತಮ್ಮ ಮೊದಲ ಚಿತ್ರವನ್ನು ನಿರ್ದೇಶಿಸಿದರು. ಅದರಲ್ಲಿ ನಾಯಕನೊಡನೆ ಸೆಣಸಿ ಸೋಲುವ ವೃದ್ಧ ಜುಜುತ್ಸು ಗುರುವಿನ ಪಾತ್ರ ಶಿಮುರ ಅವರದು. ಆಗ ಅವರಿಗೆ ಕೇವಲ 38 ವರ್ಷ. ಸೋತವನ ಘನತೆ ಗೆದ್ದವನ ಕೀರ್ತಿಗಿಂತ ಕಡಿಮೆಯದಲ್ಲ ಎಂಬ ಭಾವ ಆ ಅಭಿನಯದಲ್ಲಿತ್ತು. ಅಂದು ಆರಂಭವಾದ ಸ್ನೇಹ ಕೊನೆಯವರೆಗೂ ಉಳಿಯಿತು. ಕುರೊಸಾವ ಅವರು ನಿರ್ದೇಶಿಸಿದ 30 ಚಿತ್ರಗಳಲ್ಲಿ 21ರಲ್ಲಿ ಶಿಮುರ ಅವರಿದ್ದಾರೆ. ಕುರೊಸಾವ ಎಂದೊಡನೆ ಎಲ್ಲರೂ ನೆನೆಯುವ ನಾಯಕ ನಟ ತೊಶಿರೊ ಮಿಫುನೆ ಅವರೂ ನಟಿಸಿದ್ದು 16ರಲ್ಲಿ ಮಾತ್ರ.

1948ರಲ್ಲಿ ಬಂದ 'ಕುಡುಕ ದೇವದೂತ' ಎಂಬ ಚಿತ್ರ ಈ ಇಬ್ಬರು ನಟರನ್ನು ಎದುರುಬದುರಾಗಿ ನಿಲ್ಲಿಸಿತು. ಯುದ್ಧದಲ್ಲಿ ಹಾಳಾದ ನಗರದ ಒಂದು ಕೊಳಕು ಮಡುವಿನ ದಂಡೆಯಲ್ಲಿ ಬಡವರಿಗೆ ಮದ್ದು ಕೊಡುವ ವೈದ್ಯರಾಗಿ ಶಿಮುರ, ಕ್ಷಯ ಹಿಡಿದಿದ್ದರೂ ಒಪ್ಪಿಕೊಳ್ಳದ ತರುಣ ಪುಂಡನಾಗಿ ಮಿಫುನೆ ನಟಿಸಿದರು. ಶೀರ್ಷಿಕೆಯಲ್ಲಿರುವ ದೇವದೂತ ಈ ವೈದ್ಯನೇ. ಕುಡಿತದ ಚಟವಿದೆ, ಮಾತು ಒರಟು, ಆದರೆ ರೋಗಿಯನ್ನು ಮಾತ್ರ ಕೈಬಿಡುವವನಲ್ಲ. ಬಾಲ್ಯದಲ್ಲಿ ಅದೇ ರೋಗದಿಂದ ಎರಡು ವರ್ಷ ಕಳೆದುಕೊಂಡಿದ್ದ ಶಿಮುರ ಅವರಿಗೆ ಆ ವೈದ್ಯನ ಕಳವಳ ಅಪರಿಚಿತವೇನೂ ಆಗಿರಲಿಲ್ಲ. ಆದರೆ ಚಿತ್ರ ತೆರೆಕಂಡಾಗ ಜನರ ಕಣ್ಣು ಹೋದುದು ಮಿಂಚಿನಂತಿದ್ದ ಮಿಫುನೆಯವರತ್ತ. 28ರ ಆ ತರುಣ ಚಿತ್ರರಂಗಕ್ಕೆ ಬಂದು ಆಗಿನ್ನೂ ಒಂದು ವರ್ಷ ಕಳೆದಿತ್ತಷ್ಟೆ.

ಇಂತಹ ಸಂದರ್ಭ ಹಿರಿಯ ಕಲಾವಿದನೊಬ್ಬನಿಗೆ ನಿಜವಾದ ಪರೀಕ್ಷೆ. ಹದಿನಾಲ್ಕು ವರ್ಷ ದುಡಿದು ಮುಖ್ಯ ಪಾತ್ರವನ್ನು ಪಡೆದ ಮೇಲೆ ಹೊಸಬನೊಬ್ಬ ಎಲ್ಲರ ಗಮನ ಸೆಳೆದರೆ ಯಾರ ಮನಸ್ಸಾದರೂ ಕದಡೀತು. ಶಿಮುರ ಅವರು ಮುಂದಿನ ಚಿತ್ರಗಳಲ್ಲಿ ಆ ತರುಣನ ಪಕ್ಕದಲ್ಲಿಯೇ ನಿಂತು, ಅವನ ರಭಸಕ್ಕೆ ತಮ್ಮ ನಿಧಾನವನ್ನು ಜೊತೆಗೂಡಿಸಿದರು. 1949ರ 'ಬೀದಿ ನಾಯಿ' ಎಂಬ ಚಿತ್ರದಲ್ಲಿ ಬಸ್ಸಿನ ನೂಕುನುಗ್ಗಲಿನಲ್ಲಿ ಪಿಸ್ತೂಲು ಕಳೆದುಕೊಂಡ ಎಳೆಯ ಪತ್ತೇದಾರ ಮಿಫುನೆ. ಅವನನ್ನು ತಾಳ್ಮೆಯಿಂದ ತಿದ್ದುವ ಅನುಭವಿ ಸಾತೊ ಶಿಮುರ. ಒಬ್ಬನ ಚಡಪಡಿಕೆ ಇನ್ನೊಬ್ಬನ ಸಮಾಧಾನದಿಂದಲೇ ಎದ್ದು ಕಾಣುತ್ತದೆ. 1950ರ 'ರಾಶೊಮೊನ್' ಚಿತ್ರದಲ್ಲಿ ಅವರು ಕಾಡಿನಲ್ಲಿ ಕೊಲೆಯೊಂದನ್ನು ಕಂಡ ಸೌದೆ ಕಡಿಯುವವನಾದರು. ಎಲ್ಲರೂ ತಮತಮಗೆ ಬೇಕಾದಂತೆ ಸುಳ್ಳು ಹೇಳುವ ಆ ಕಥೆಯಲ್ಲಿ, ಅವನೂ ನಿರ್ದೋಷಿಯಲ್ಲ. ಆದರೂ ಅನಾಥ ಶಿಶುವೊಂದನ್ನು ಎತ್ತಿಕೊಂಡು ಮನೆಗೆ ನಡೆಯುವ ಅವನಿಂದಲೇ ಮನುಷ್ಯರ ಮೇಲಿನ ನಂಬಿಕೆ ಕೊನೆಗೆ ಉಳಿದುಕೊಳ್ಳುತ್ತದೆ. 1951ರಲ್ಲಿ ವೆನಿಸ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆದ ಈ ಚಿತ್ರ ಜಪಾನೀ ಚಿತ್ರಕಲೆಗೆ ಲೋಕದ ಬಾಗಿಲನ್ನು ತೆರೆಯಿತು.

1952ರಲ್ಲಿ ಶಿಮುರ ಅವರಿಗೆ ಕಥೆಯ ಪೂರ್ಣ ಭಾರವನ್ನು ಹೊರುವ ಪಾತ್ರ ದೊರೆಯಿತು. 'ಇಕಿರು' ಎಂಬ ಆ ಚಿತ್ರದ ಹೆಸರಿಗೆ ಬದುಕುವುದು ಎಂದರ್ಥ. ಕಂಜಿ ವತನಬೆ ನಗರಸಭೆಯ ಒಂದು ವಿಭಾಗದ ಮುಖ್ಯಸ್ಥ. ಸುಮಾರು 30 ವರ್ಷ ಒಂದು ದಿನವೂ ತಪ್ಪದೆ ಕಚೇರಿಗೆ ಹೋಗಿ ಕಾಗದಗಳಿಗೆ ಮುದ್ರೆಯೊತ್ತಿದ್ದೇ ಅವನ ಸಾಧನೆ. ಹೊಟ್ಟೆಯಲ್ಲಿ ಕ್ಯಾನ್ಸರ್ ಇದೆ, ಬದುಕು ಕೆಲವೇ ತಿಂಗಳದು ಎಂದು ತಿಳಿದಾಗ, ತಾನು ಈವರೆಗೆ ಬದುಕಿಯೇ ಇಲ್ಲವೆಂಬ ಅರಿವು ಅವನಿಗಾಗುತ್ತದೆ. ಮೋಜಿನಲ್ಲಿ ಸಮಾಧಾನ ಹುಡುಕಿ ಸೋಲುತ್ತಾನೆ. ಕೊನೆಗೆ ಬಡ ತಾಯಂದಿರು ಕಚೇರಿಯಿಂದ ಕಚೇರಿಗೆ ಅಲೆದು ಬೇಸತ್ತಿದ್ದ ಒಂದು ಅರ್ಜಿಯನ್ನು ಕೈಗೆತ್ತಿಕೊಳ್ಳುತ್ತಾನೆ. ಕೊಳಚೆ ನಿಂತ ಜಾಗದಲ್ಲಿ ಮಕ್ಕಳಿಗೆ ಉದ್ಯಾನವೊಂದಾಗಬೇಕು. ಬೇಡಿ, ಕಾದು, ಅಪಮಾನ ನುಂಗಿ ಅದನ್ನು ಸಾಧಿಸುತ್ತಾನೆ. ಹಿಮ ಸುರಿಯುವ ರಾತ್ರಿ ಆ ಉದ್ಯಾನದ ಉಯ್ಯಾಲೆಯ ಮೇಲೆ ಕುಳಿತು, ಹಳೆಯ ಹಾಡೊಂದನ್ನು ಮೆಲುದನಿಯಲ್ಲಿ ಹಾಡುತ್ತ ಪ್ರಾಣ ಬಿಡುತ್ತಾನೆ.

ಆಗ ಶಿಮುರ ಅವರ ವಯಸ್ಸು 47. ಬಾಗಿದ ಬೆನ್ನು, ಗಂಟಲಲ್ಲೇ ಸಿಕ್ಕಿಕೊಳ್ಳುವ ಮಾತು, ನೀರು ತುಂಬಿದ ದೊಡ್ಡ ಕಣ್ಣುಗಳು ಇವುಗಳಿಂದಲೇ ಅವರು ಆ ವೃದ್ಧನನ್ನು ನಿರ್ಮಿಸಿದರು. ಯೌವನದಲ್ಲಿ ಒಸಾಕದ ನಗರಸಭೆಯಲ್ಲಿ ಕೆಲಸ ಮಾಡಿ, ಕಲೆಯ ಮೋಹದಿಂದ ಆ ನೌಕರಿಯನ್ನು ಕಳೆದುಕೊಂಡಿದ್ದ ಶಿಮುರ ಅವರು, ಅಂತಹ ನೌಕರಿಯಲ್ಲಿಯೇ ಸವೆದುಹೋದವನ ಪಾತ್ರದಿಂದ ಚಿರಸ್ಮರಣೀಯರಾದುದು ವಿಧಿಯ ವೈಚಿತ್ರ್ಯ. ಚಿತ್ರದಲ್ಲಿ ವತನಬೆ ಸತ್ತ ಮೇಲೆ ಮೇಲಧಿಕಾರಿಗಳು ಉದ್ಯಾನದ ಕೀರ್ತಿಯನ್ನು ತಮ್ಮದಾಗಿಸಿಕೊಳ್ಳುತ್ತಾರೆ. ನಿಜವಾಗಿ ದುಡಿದವನ ಹೆಸರು ಮರೆಯಾಗುತ್ತದೆ. ಮಕ್ಕಳು ಮಾತ್ರ ಆಡುತ್ತಲೇ ಇರುತ್ತಾರೆ. ಎಲೆಮರೆಯ ಕಾಯಿಯಂತೆ ಬಾಳಿದ ನಟನಿಗೆ ಇದಕ್ಕಿಂತ ಒಪ್ಪುವ ಪಾತ್ರ ಬೇರೊಂದಿರಲಾರದು. ಈ ಚಿತ್ರಕ್ಕೆ 1954ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ವಿಶೇಷ ಪ್ರಶಸ್ತಿ ಬಂದಿತು. 70 ವರ್ಷಗಳ ಬಳಿಕ, 2022ರಲ್ಲಿ, ಇದೇ ಕಥೆ ಇಂಗ್ಲೆಂಡಿನಲ್ಲಿ ಹೊಸ ಚಿತ್ರವಾಗಿ ಮೂಡಿಬಂದಿತು.

1954ನೆಯ ವರ್ಷ ಶಿಮುರ ಅವರ ಜೀವನದಲ್ಲಿ ವಿಶಿಷ್ಟವಾದುದು. ಏಪ್ರಿಲ್‌ನಲ್ಲಿ ಕುರೊಸಾವ ಅವರ 'ಏಳು ಸಮುರಾಯ್‌ಗಳು' ತೆರೆಕಂಡಿತು. ಬೆಳೆ ಕೊಯ್ಯುವ ಕಾಲಕ್ಕೆ ದಾಳಿಯಿಡುವ ದರೋಡೆಕೋರರಿಂದ ಹಳ್ಳಿಯನ್ನು ಕಾಪಾಡಲು ಬಡ ರೈತರು ಅನ್ನವನ್ನಷ್ಟೇ ಕೂಲಿಯಾಗಿತ್ತು ಯೋಧರನ್ನು ಕರೆತರುವ ಕಥೆ ಇದು. ಅವರ ನಾಯಕ ಕಂಬೆಯಿ ಪಾತ್ರ ಶಿಮುರ ಅವರದು. ಕಳ್ಳನ ಕೈಗೆ ಸಿಕ್ಕ ಮಗುವನ್ನು ಬಿಡಿಸಲು ಸನ್ಯಾಸಿಯ ವೇಷಕ್ಕಾಗಿ ತಲೆ ಬೋಳಿಸಿಕೊಳ್ಳುವ ದೃಶ್ಯದಲ್ಲಿಯೇ ಆ ಪಾತ್ರದ ಹಿರಿಮೆ ಪ್ರಕಟವಾಗುತ್ತದೆ. ಯೋಧನಿಗೆ ಜುಟ್ಟು ಮಾನದ ಗುರುತು. ಪರರ ಮಗುವಿಗಾಗಿ ಅದನ್ನು ತೆಗೆದುಹಾಕುವವನು ಎಂತಹವನೆಂದು ಹೇಳಬೇಕಾಗಿಲ್ಲ. ಮಳೆ ಕೆಸರುಗಳ ನಡುವೆ ನಡೆಯುವ ಅಂತಿಮ ಕಾಳಗದಲ್ಲಿ ದರೋಡೆಕೋರರು ನಾಶವಾಗುತ್ತಾರೆ; ಏಳು ಯೋಧರಲ್ಲಿ ನಾಲ್ವರು ಮಡಿಯುತ್ತಾರೆ. ರೈತರು ಹಾಡುತ್ತ ಭತ್ತದ ನಾಟಿಗೆ ತೊಡಗಿದಾಗ, ಗೆಲುವು ಮಣ್ಣನ್ನು ನಂಬಿದ ಅವರದು, ತಮ್ಮದಲ್ಲ ಎಂದು ಕಂಬೆಯಿ ಶಾಂತವಾಗಿ ಒಪ್ಪಿಕೊಳ್ಳುತ್ತಾನೆ. 207 ನಿಮಿಷಗಳ ಈ ಚಿತ್ರವನ್ನು ಅನುಸರಿಸಿ 1960ರಲ್ಲಿ ಅಮೆರಿಕದಲ್ಲಿ ಚಿತ್ರವೊಂದು ಬಂದಿತು. ನಮ್ಮ ರಾಮನಗರದ ಬಂಡೆಗಳ ನಡುವೆ ಚಿತ್ರೀಕರಣಗೊಂಡು 1975ರಲ್ಲಿ ತೆರೆಕಂಡ 'ಶೋಲೆ' ಚಿತ್ರದ ಮೇಲೂ ಈ ಕಥೆಯ ಪ್ರಭಾವವಿದೆ.

ಅದೇ ವರ್ಷದ ನವೆಂಬರಿನಲ್ಲಿ ಇಶಿರೊ ಹೊಂಡ ಅವರ 'ಗಾಡ್ಜಿಲ್ಲ' ತೆರೆಕಂಡಿತು. ಆ ವರ್ಷ ಮಾರ್ಚ್‌ನಲ್ಲಿ ಪೆಸಿಫಿಕ್ ಸಾಗರದ ಬಿಕಿನಿ ದ್ವೀಪದಲ್ಲಿ ಅಮೆರಿಕವು ನಡೆಸಿದ ಜಲಜನಕ ಬಾಂಬಿನ ಪರೀಕ್ಷೆಯಿಂದ ಜಪಾನಿನ ಮೀನುಗಾರರು ವಿಕಿರಣಕ್ಕೆ ತುತ್ತಾಗಿದ್ದರು. ಹಿರೊಶಿಮ, ನಾಗಸಾಕಿಗಳ ಗಾಯ ಇನ್ನೂ ಮಾಯದಿದ್ದ ಜನರ ಭಯವೇ ಆ ಚಿತ್ರದಲ್ಲಿ ದೈತ್ಯ ಪ್ರಾಣಿಯ ರೂಪ ತಾಳಿತು. ಪ್ರಾಗ್ಜೀವಶಾಸ್ತ್ರಜ್ಞ ಯಮನೆಯಾಗಿ ನಟಿಸಿದ ಶಿಮುರ ಅವರ ಗಂಭೀರ ಮುಖ, ಕಲ್ಪಿತ ಕಥೆಗೆ ನಿಜದ ತೂಕವನ್ನು ತಂದಿತು. ಬಾಂಬಿನ ಪರೀಕ್ಷೆಗಳು ನಿಲ್ಲದಿದ್ದರೆ ಇಂತಹ ಇನ್ನೊಂದು ಪ್ರಾಣಿ ಹುಟ್ಟೀತೆಂದು ಆ ವಿಜ್ಞಾನಿ ಕೊನೆಯಲ್ಲಿ ಎಚ್ಚರಿಸುತ್ತಾನೆ.

ಇಷ್ಟೆಲ್ಲ ಕೀರ್ತಿ ಬಂದ ಬಳಿಕ ಶಿಮುರ ಅವರು ನಾಯಕ ಪಾತ್ರಗಳನ್ನೇ ಬೇಡಬಹುದಾಗಿತ್ತು. ಹಾಗೆ ಮಾಡದೆ ಮತ್ತೆ ಸಣ್ಣ ಪಾತ್ರಗಳಿಗೆ ಮರಳಿದರು. 1961ರ 'ಯೊಜಿಂಬೊ' ಚಿತ್ರದಲ್ಲಿ ಲೋಭಿಯಾದ ಮದ್ಯ ತಯಾರಕ, ಮರುವರ್ಷದ 'ಸಂಜುರೊ'ದಲ್ಲಿ ಕಪಟಿ ಅಧಿಕಾರಿ, 1964ರ 'ಕ್ವಾಯ್ದಾನ್' ಚಿತ್ರದಲ್ಲಿ ಬೌದ್ಧ ಗುರು. ಯೊಜಿ ಯಮದ ಅವರ ಜನಪ್ರಿಯ ತೋರಾಸಾನ್ ಚಿತ್ರಮಾಲಿಕೆಯಲ್ಲಿ 1969ರಿಂದ 1978ರವರೆಗೆ ಕೆಲವು ಬಾರಿ ಮಿತಭಾಷಿ ತಂದೆಯಾಗಿ ಕಾಣಿಸಿಕೊಂಡರು. ಕೆಲವೇ ನಿಮಿಷಗಳ ಪಾತ್ರವಾದರೂ ವತನಬೆಯ ಪಾತ್ರಕ್ಕೆ ಕೊಟ್ಟಷ್ಟೇ ಶ್ರದ್ಧೆಯನ್ನು ಅದಕ್ಕೂ ಕೊಡುತ್ತಿದ್ದರು.

ಜಪಾನ್ ಸರ್ಕಾರವು 1974ರಲ್ಲಿ ಅವರಿಗೆ ಕಲಾವಿದರಿಗೆ ಮೀಸಲಾದ ನೇರಳೆ ಪಟ್ಟಿಯ ಪದಕವನ್ನೂ 1980ರಲ್ಲಿ ಉದಯಸೂರ್ಯ ಪದವಿಯನ್ನೂ ನೀಡಿ ಗೌರವಿಸಿತು. ಆ 1980ರಲ್ಲಿಯೇ ಕುರೊಸಾವ ಅವರು 'ಕಗೆಮುಶ' ಚಿತ್ರದಲ್ಲಿ ತಮ್ಮ ಹಳೆಯ ಸಂಗಾತಿಗೆ ಒಂದು ಪುಟ್ಟ ಪಾತ್ರವನ್ನು ಕೊಟ್ಟರು. 15 ವರ್ಷಗಳ ನಂತರ ಇಬ್ಬರೂ ಮತ್ತೆ ಕೂಡಿ ಕೆಲಸ ಮಾಡಿದರು. ವಿದೇಶಗಳಿಗಾಗಿ ಚಿತ್ರವನ್ನು ಕಿರಿದುಗೊಳಿಸಿದಾಗ ಅವರ ದೃಶ್ಯವೇ ಕತ್ತರಿಗೆ ಸಿಕ್ಕಿತು. ಜೀವನವೆಲ್ಲ ಇತರರಿಗೆ ಜಾಗ ಬಿಟ್ಟುಕೊಟ್ಟ ನಟನ ಪಾಲಿಗೆ ಕೊನೆಯಲ್ಲಿಯೂ ಅದೇ ಬಂದಿತು. 1982ರ ಫೆಬ್ರವರಿ 11ರಂದು, ಶ್ವಾಸಕೋಶದ ವ್ಯಾಧಿಯಿಂದ ಬಳಲುತ್ತಿದ್ದ ಶಿಮುರ ಅವರು ತೋಕಿಯೊದಲ್ಲಿ ಕಾಲವಶರಾದರು. ಆಗ ಅವರಿಗೆ 76 ವರ್ಷ.

ಲೋಕದಲ್ಲಿ ಎಲ್ಲರೂ ನಾಯಕರಾಗುವುದು ಸಾಧ್ಯವಿಲ್ಲ. ಕಟ್ಟಡದ ಕಳಶ ದೂರದಿಂದ ಕಾಣುತ್ತದೆ. ಅದನ್ನು ಹೊತ್ತ ಕಂಬಗಳನ್ನು ಹತ್ತಿರ ಹೋದವರು ಮಾತ್ರ ಗಮನಿಸುತ್ತಾರೆ. ಕಂಬ ಸರಿದರೆ ಕಳಶವೂ ಉಳಿಯದು. ಶಿಮುರ ಅವರು ಅಂತಹ ಕಂಬವಾಗಿ ಒಂದು ದೇಶದ ಚಿತ್ರಕಲೆಯ ಅತ್ಯುತ್ತಮ ಕಾಲವನ್ನು ಹೊತ್ತು ನಿಂತರು. ದೊರೆತ ಕೆಲಸ ಹಿರಿದೋ ಕಿರಿದೋ ಎಂದು ಅಳೆಯದೆ, ಅದನ್ನು ಪೂರ್ಣ ಮನಸ್ಸಿನಿಂದ ಮಾಡುವುದೇ ಅವರು ಕಂಡುಕೊಂಡ ಮಾರ್ಗ. ಆ ಮಾರ್ಗ ನಟರಿಗೆ ಮಾತ್ರವಲ್ಲದೆ, ಯಾವ ಕ್ಷೇತ್ರದಲ್ಲಿ ದುಡಿಯುವವರಿಗೂ ಅನುಸರಣೀಯವಾದುದು.